ಬಣ್ಣಗೇಡು

"ಕೈಬಟ್ಟೆ ಯಾಕ್ ಬಿಚ್ತೀಯವ್ವಾ? ನಿಂಗೂ ಅಂಟ್ಕಂತದೆ!" ಎನ್ನುತ್ತ ಕುರಿಗಾಹಿ ಕ್ಯಾತಪ್ಪ ಗುಡಿಸಲ ಮೂಲೆಗೆ ಸರಿದ. ಅವನಿಗೆ ಮುದ್ದೆ ತಂದಿದ್ದ ಹೊನ್ನಕ್ಕ, ಕೈಗೆ ಸುತ್ತಿದ್ದ ಬಟ್ಟೆಯನ್ನು ಬಿಚ್ಚುತ್ತಲೇ ಇದ್ದಳು.

ಮುಟ್ಟಿದ್ದರ ಬಣ್ಣವನ್ನೆಲ್ಲ ಅಳಿಸುವ ಬಣ್ಣಗೇಡು ರೋಗವನ್ನು ಐ.ಡಿ.ಹಳ್ಳಿಗೆ ತಂದವನು ಕ್ಯಾತಪ್ಪನೇ ಎಂದು, ಊರಿನವರು ಅವನನ್ನು ಊರಾಚೆಯ, ಪ್ಲೇಗಿನ ಕಾಲದ ಈ ಗುಡಿಸಲಿಗೆ ಅಟ್ಟಿ ತಿಂಗಳಾಗಿತ್ತು. ಮೊದಲು ಹಾಗೆಂದವಳು ಹೊನ್ನಕ್ಕ. ಅವನು ಪುಟ್ಟ ಮೊಮ್ಮಗಳೊಂದಿಗೆ ಪಾವಗಡದ ಕಡೆಯಿಂದ ಕುರಿ ಹೊಡೆದುಕೊಂಡು ಬರುವ ಮುನ್ನವೇ ಅವಳ ಬೆರಳಲ್ಲಿ ಅರಿಸಿನ ಬೂದಿ ಬಣ್ಣವಾಗಿತ್ತು. ಬಾಯಾರಿ ಬಂದವನಿಗೆ ಮಜ್ಜಿಗೆ ಕೊಟ್ಟದ್ದೂ ಅದೇ ಕೈ.

ಅವಳು ತಟ್ಟೆಯಲ್ಲಿದ್ದ ಕೆಂಪು ಮೆಣಸಿನಕಾಯಿಯನ್ನು ಬರಿಗೈಯಲ್ಲಿ ಎತ್ತಿ ಹಿಡಿದಳು. ಅದು ಅವನ ಕಣ್ಣೆದುರೇ ಬೂದಿ ಬಣ್ಣಕ್ಕೆ ತಿರುಗಿತು. "ನಿಂಗಿಂತ ಮುಂಚೆ ನಂಗೇ ಬಂದಿತ್ತು ಕ್ಯಾತಣ್ಣಾ. ಹೆದರ್ಕಂಡು ನಿನ್ ಮ್ಯಾಲೆ ಹಾಕ್ಬುಟ್ಟೆ."

ಬೈಗುಳಕ್ಕಾಗಿ ತಲೆ ಬಗ್ಗಿಸಿ ಕಾದಳು. ಅವನು ಮೂಲೆಯಿಂದ ಮುಂದಕ್ಕೆ ಬಂದು ಕೇಳಿದ: "ಅಂಗಾರೆ, ನನ್ ಮೊಮ್ಮಗಳ ಕಣ್ಣು ಬೆಳ್ಳಗಾಗಿದ್ದು ನನ್ನಿಂದಲ್ವೇನವ್ವಾ?"

"ಅಲ್ಲ ಕಣಣ್ಣಾ. ಆ ಮಗೀನ ಎತ್ಕಂಡು ಮುದ್ದಾಡ್ದೋಳು ನಾನೇ."

ಬೈದಿದ್ದರೆ ಹೊನ್ನಕ್ಕ ತಡೆದುಕೊಳ್ಳುತ್ತಿದ್ದಳು. ಮುದುಕ ಗೊಳೋ ಎಂದು ಅತ್ತು, ಅವಳಿಗೆ ಎರಡೂ ಕೈ ಜೋಡಿಸಿ ಮುಗಿದ.