ಜಲಪಾತದ ಬಣ್ಣ

ಒದ್ದೆ ಬಂಡೆ, ಯಂತ್ರದ ಎಣ್ಣೆ, ಹತ್ತಿಯ ದೂಳು. ಗೋಕಾಕ ಜಲಪಾತದ ಪಕ್ಕದ ಮಿಲ್ ಕ್ವಾರ್ಟರ್ಸಿನಲ್ಲಿ ಹುಟ್ಟಿದ ಶೈಲಮ್ಮನಿಗೆ ಬಾಲ್ಯವೆಂದರೆ ಈ ವಾಸನೆಯೇ. ಅಮೆರಿಕದ ಮೆಟುಚೆನ್ ಊರಿನ ಸಭಾಂಗಣದಲ್ಲಿ, ಯಾರೋ ನೂರು ವರ್ಷದ ಹಿಂದೆ ತೆಗೆದ ಪ್ರವಾಸದ ಮೂಕಿಚಿತ್ರ ಶುರುವಾಗಿ, ಪರದೆಯ ಮೇಲೆ ಅದೇ ಜಲಪಾತ ಸದ್ದಿಲ್ಲದೆ ಧುಮುಕಿದಾಗ ಆ ವಾಸನೆ ಮೂಗಿಗೆ ಬಂತು.

ಆದರೆ ಪರದೆಯ ಪಕ್ಕ ನಿಂತು ವಿವರಿಸುತ್ತಿದ್ದವರು ಮೈಸೂರಿನ ರಮಾಮಣಿ. ಮೂಕಿಚಿತ್ರಗಳ ಕಾಲದಲ್ಲೂ ಹೀಗೆ ಪರದೆಯ ಪಕ್ಕ ಒಬ್ಬರು ನಿಂತು ಮಾತಾಡುತ್ತಿದ್ದರಂತೆ. ಕಾರ್ಯಕ್ರಮ ನಡೆಸುವ ಸಂಹಿತಾ ವಿವರಿಸಲು ತಮ್ಮನ್ನೇ ಕೇಳುತ್ತಾಳೆಂದು ಶೈಲಮ್ಮ ಕಾದಿದ್ದರು. "ಆಡಿಯನ್ಸ್ ಎಲ್ಲ ಅಮೆರಿಕನ್ಸ್ ಆಂಟಿ, ರಮಾಮಣಿ ಆಂಟಿ ಇಂಗ್ಲಿಷ್ ತುಂಬಾ ಫ್ಲುಯೆಂಟ್" ಅಂದಿದ್ದಳು ಅವಳು. ಧಾರವಾಡದ ಕಾಲೇಜಿನಲ್ಲಿ ಆಯುಷ್ಯವಿಡೀ ಕನ್ನಡದಲ್ಲಿ ಇತಿಹಾಸ ಹೇಳಿ, ಈಗ ಮಗನ ಜೊತೆಗಿರಲು ಇಲ್ಲಿಗೆ ಬಂದಿದ್ದ ಶೈಲಮ್ಮ ನಕ್ಕು ತಲೆಯಾಡಿಸಿದ್ದರು.

ಈಗ ರಮಾಮಣಿ ಉಟ್ಟ ಇಳಕಲ್ ಸೀರೆಯೂ ಕಣ್ಣಿಗೆ ಚುಚ್ಚುತ್ತಿತ್ತು. ಊರು ನನ್ನದು, ಸೀರೆಯೂ ನನ್ನ ಕಡೆಯದು, ಮೈಕು ಮಾತ್ರ ಅವಳದು. ಒಮ್ಮೆ ಬಸ್ಸಿನಿಂದಿಳಿದು ನೋಡಿ ಬಂದವಳು! ಎಲ್ಲಾದರೂ ತಪ್ಪಲಿ ಎಂದು ಕಾಯುತ್ತ ಕೂತರು.

ಮಳೆಗಾಲದಲ್ಲಿ ಈ ನೀರು ಹಾಲಿನಷ್ಟು ಬಿಳಿ ಎಂದರು ರಮಾಮಣಿ ಇಂಗ್ಲಿಷಿನಲ್ಲಿ. ತಪ್ಪಿದರು. ಕಪ್ಪುಬಿಳುಪು ಚಿತ್ರ ಅವರಿಗೆ ಮೋಸ ಮಾಡಿತ್ತು. ಶೈಲಮ್ಮನ ತುಟಿಯಂಚಿನಲ್ಲಿ ನಗು ಬಂತು.

ಅಷ್ಟರಲ್ಲಿ ಮುಂದಿನ ಸಾಲಿನ ಅಮೆರಿಕನ್ ಅಜ್ಜಿಯೊಬ್ಬರು, ಅಲ್ಲಿ ನಿಂತರೆ ಎಂಥ ವಾಸನೆ ಬರುತ್ತದೆ ಎಂದು ಕೇಳಿದರು. ರಮಾಮಣಿ ತಡವರಿಸಿ ಶೈಲಮ್ಮನತ್ತ ಮೈಕು ಚಾಚಿದರು. ಶೈಲಮ್ಮ ಬಗ್ಗಿ ಚೀಲದಲ್ಲಿ ಕನ್ನಡಕ ಹುಡುಕತೊಡಗಿದರು. ಕನ್ನಡಕ ಮೂಗಿನ ಮೇಲೇ ಇತ್ತು.

ತಮಗೆ ಗೊತ್ತಿಲ್ಲವೆಂದು ರಮಾಮಣಿ ಸಭೆಗೆ ಹೇಳಿದರು.

ತಾವಿಬ್ಬರೂ ಇರುವ ಪಕ್ಕದೂರು ಎಡಿಸನ್ನಿಗೆ ಮರಳುವಾಗ ಕಾರು ನಡೆಸುತ್ತಿದ್ದ ರಮಾಮಣಿ ಕೇಳಿದರು. "ನೀರು ಬೆಳ್ಳಗಿರತ್ತೆ ಅಂದೆ. ಸರಿ ತಾನೆ?"

"ಇಲ್ಲ. ಚಹಾದ ಹಂಗ ಕೆಂಪಗಿರ್ತದರಿ, ಮಳಿಗಾಲದಾಗ."

"ಅಲ್ಲೇ ಹೇಳಬಹುದಿತ್ತಲ್ಲ."

ಶೈಲಮ್ಮ ಕಿಟಕಿಯಾಚೆ ನೋಡಿದರು. "ನೀವು ಭಾಳ ಚಂದ ಮಾತಾಡ್ಲಿಕ್ಕೆ ಹತ್ತಿದ್ರಿ. ಅದಕ್ಕ."

ಶೈಲಮ್ಮನ ಮನೆ ಮುಂದೆ ಕಾರು ನಿಂತಾಗ ರಮಾಮಣಿ ಹಿಂದಿನ ಸೀಟಿನಿಂದ ಡಬ್ಬಿಯೊಂದನ್ನು ತೆಗೆದು ಅವರ ಮಡಿಲಲ್ಲಿಟ್ಟರು. ಒಳಗೆ ಎಣ್ಣೆಗಾಯಿ, ಜೋಳದ ರೊಟ್ಟಿ. ರೊಟ್ಟಿ ತಟ್ಟುವುದನ್ನು ಶೈಲಮ್ಮನೇ ಕಳೆದ ವಾರ ಕಲಿಸಿಕೊಟ್ಟಿದ್ದರು. ಹೆಚ್ಚಿನವುಗಳ ಅಂಚು ಒಡೆದಿತ್ತು. ಒಡೆಯದ ಎರಡನ್ನು ರಮಾಮಣಿ ಆರಿಸಿ ಮೇಲಿಟ್ಟಿದ್ದರು.