ಕೊನೆಯ ಅಂಕಿ

ಮಹಾಂತೇಶ್ ಹೆಬ್ಬೆರಳುದ್ದದ ವೈಫೈ ಡಾಂಗಲನ್ನು ಕಂಪ್ಯೂಟರಿನಿಂದ ಕಿತ್ತು ಮತ್ತೆ ಚುಚ್ಚಿದ. ಹಳೆಯ ಕಂಪ್ಯೂಟರ್ ಟಣ್ಣೆಂದಿತು. ಡಾಂಗಲ್ ನಡೆಸುವ ಡ್ರೈವರ್ ತಂತ್ರಾಂಶ ಸಿಗಲಿಲ್ಲವೆಂದು ಪರದೆಯ ಮೂಲೆಯಲ್ಲಿ ತೋರಿಸಿ ಸುಮ್ಮನಾಯಿತು. ಮನೆಗೆ ಇಂಟರ್ನೆಟ್ ಬಂದು ವಾರವಾಗಿತ್ತು, ಈ ಯಂತ್ರಕ್ಕೆ ಮಾತ್ರ ಬಂದಿರಲಿಲ್ಲ. ಸಂಜೆ ಬಳ್ಳಾರಿಯ ಸೀರೆ ಅಂಗಡಿಯವರು ಆನ್‌ಲೈನಿಗೆ ಬಂದು, ಅವನ ಹೆಂಡತಿ ತ್ರಿವೇಣಿ ಕಂಪ್ಯೂಟರಿನಲ್ಲಿ ಬಿಡಿಸಿದ ಮೊಳಕಾಲ್ಮುರು ಸೀರೆಯ ಅಂಚುಗಳನ್ನು ನೋಡುವವರಿದ್ದರು. ಅವಳಿಗೆ ಸಿಕ್ಕ ಮೊದಲ ಕೆಲಸ ಅದು.

"ತಡೀರಿ, ಮಲ್ಲಿಕ್‌ನ ಕೇಳ್ತೀನಿ," ಎಂದಳು ತ್ರಿವೇಣಿ.

ಮಲ್ಲಿಕ್ ಅವಳ ಜೊತೆ ಕಾಲೇಜಿನಲ್ಲಿ ಓದಿದವನು. ಚಳ್ಳಕೆರೆಯಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟಿದ್ದ. ಮಹಾಂತೇಶ್ ಅವನನ್ನು ತನ್ನ ಮದುವೆಯಲ್ಲಿ ಒಮ್ಮೆ ನೋಡಿದ್ದಷ್ಟೇ; ಆದರೂ ಆ ಹೆಸರು ಕಿವಿಗೆ ಬಿದ್ದರೆ ಮಾತು ಬದಲಿಸುತ್ತಿದ್ದ. ಫೋನಿನಲ್ಲಿ ಅವನೇನೋ ಅಂದ, ಇವಳು ನಕ್ಕಳು. ತನ್ನ ಮಾತಿಗೆ ಅವಳು ಹೀಗೆ ನಕ್ಕದ್ದು ಯಾವಾಗ ಎಂದು ಮಹಾಂತೇಶ್ ಯೋಚಿಸಿದ. ನೆನಪಾಗಲಿಲ್ಲ.

ಡಾಂಗಲ್ ಹಿಂದೆ ಸಣ್ಣಕ್ಷರದಲ್ಲಿ ಮಾಡೆಲ್ ನಂಬರ್ ಇರುತ್ತದೆ, ಹೇಳಿದರೆ ಅದರ ಡ್ರೈವರ್ ಹುಡುಕಿ ವಾಟ್ಸಾಪಿಗೆ ಕಳಿಸುತ್ತೇನೆ, ಫೋನಿನಿಂದ ಕಂಪ್ಯೂಟರಿಗೆ ಹಾಕಿಕೋ ಎಂದನಂತೆ ಮಲ್ಲಿಕ್. ತ್ರಿವೇಣಿ ಗಂಡನತ್ತ ನೋಡಿದಳು. ಮಹಾಂತೇಶ್ ಡಾಂಗಲ್ ತಿರುಗಿಸಿ ಒಂದೊಂದೇ ಓದಿದ. ಕೊನೆಯ ಅಂಕಿ ಒಂದು ಎಂದಿತ್ತು. ಅವನು ಏಳು ಎಂದ. ಅವಳೂ ಫೋನಿಗೆ ಏಳೆಂದೇ ಹೇಳಿದಳು.

ಬಂದ ಡ್ರೈವರ್ ಹಿಡಿಯಲಿಲ್ಲ. ಮಲ್ಲಿಕ್ ಇನ್ನೊಂದು ಕಳಿಸಿದ, ಅದೂ ಹಿಡಿಯಲಿಲ್ಲ. ಗಡಿಯಾರ ನೋಡುತ್ತಿದ್ದ ತ್ರಿವೇಣಿಯ ಮುಖ ಸಣ್ಣಗಾಯಿತು.

"ನಿನ್ ಮಲ್ಲಿಕ್ ಕೈಲೂ ಆಗ್ಲಿಲ್ಲ ಬಿಡು," ಎಂದ ಮಹಾಂತೇಶ್. ದನಿಯಲ್ಲಿದ್ದ ಹಿಗ್ಗು ಅವನಿಗೇ ಕೇಳಿಸಿತು.

ಅವಳಿಗೂ ಕೇಳಿಸಿರಬೇಕು. ಡಾಂಗಲ್ ಕಿತ್ತು ಕಿಟಕಿಯ ಬೆಳಕಿಗೆ ಒಯ್ದಳು. ಓದಿದಳು. ಗಂಡನ ಮುಖವನ್ನೊಮ್ಮೆ ನೋಡಿ ಮತ್ತೆ ಫೋನ್ ಹಚ್ಚಿದಳು.

"ಮಲ್ಲಿಕ್, ಕೊನೇದು ಏಳಲ್ಲ, ಒಂದು ಐತೆ. ನಾನೇ ಸರಿಯಾಗಿ ನೋಡ್ಲಿಲ್ಲ ಕಣೋ."

ಈ ಸಲ ಬಂದ ಡ್ರೈವರ್ ಹಿಡಿಯಿತು. ಪರದೆಯ ಮೂಲೆಯಲ್ಲಿ ವೈಫೈ ಗೆರೆಗಳು ಎದ್ದವು. ಬೈಯುತ್ತಾಳೆಂದು ಮಹಾಂತೇಶ್ ಬಾಗಿಲ ಬಳಿ ಕಾದು ನಿಂತ. ಬೈದಿದ್ದರೆ ಅವನಿಗೂ ಹಗುರಾಗುತ್ತಿತ್ತು. ಅವಳು ಕುರ್ಚಿ ಎಳೆದು ಕೂತು, ತನ್ನ ಚಿತ್ರಗಳನ್ನು ತೆರೆದಳು.

"ಇವತ್ತಿನವರ್ಗೂ ನಾನು ಅವನ ಹತ್ರ ಒಂದು ಸುಳ್ಳೂ ಹೇಳಿರ್ಲಿಲ್ಲ ಕಣ್ರಿ," ಎಂದಳು, ತಿರುಗಿ ನೋಡದೆ.