ಎರಡು ಹನಿ

ಮಂತ್ರಿಯಾಗಿದ್ದಾಗ ಮೈಕು ಕಂಡರೆ ಉರಿದುಬೀಳುತ್ತಿದ್ದ ಆ ಮಹಾಶಯರು, ಚುನಾವಣೆಯಲ್ಲಿ ಸೋತ ಮೇಲೆ ಅದೇ ಮೈಕು ಸಿಕ್ಕಿಸಿಕೊಂಡು ದಿನಾ ಸಂಜೆ ಟಿ.ವಿ.ಯಲ್ಲಿ ಸರ್ಕಾರದ ಜನ್ಮ ಜಾಲಾಡುತ್ತಿದ್ದರು. ಕ್ಯಾಮೆರಾದವರು ಬೆನ್ನ ಹಿಂದೆ "ನಾಟಕ ಕಂಪನಿ" ಎಂದು ನಗುತ್ತಿದ್ದರು. ಮೇಕಪ್ ಮಾಡುವ ಸುಗುಣ ಮಾತ್ರ ಹಾಗೆ ನಕ್ಕವರ ಮೇಲೆ ಹರಿಹಾಯುತ್ತಿದ್ದಳು.

"ಬಾಯ್ ಮುಚ್ರೋ. ಅವರು ಅತ್ತಿದ್ದನ್ನ ನಾನು ಕಣ್ಣಾರೆ ನೋಡಿದೀನಿ."

ಅವತ್ತು ಹಾಸ್ಟೆಲ್ ಒಂದರ ಛಾವಣಿ ಕುಸಿದು ಮೂವರು ಹುಡುಗಿಯರು ಸತ್ತಿದ್ದರು. ಮಾಜಿ ಮಂತ್ರಿಗಳು ಕನ್ನಡಿಯ ಮುಂದೆ ಕೂತು ಹಲ್ಲು ಕಡಿದರು.

"ಇವತ್ತು ಆ ಮಂತ್ರೀನ ಬಿಡಲ್ಲ. ಕೊಲೆಗಡುಕ! ಸತ್ತ ಮಕ್ಕಳ ಮನೆಗೆ ಹೋಗೋಕೂ ಪುರುಸೊತ್ತಿಲ್ವಂತೆ. ನನ್ ಕಾಲದಲ್ಲೂ ಒಂದು ಹಾಸ್ಟೆಲ್ ಕುಸೀತು. ನಾನು ಮನೆಮನೆಗೂ ಹೋಗಿದ್ದೆ."

"ಹೌದು ಸಾರ್. ತುಂಬಾ ಅತ್ತಿದ್ರಿ," ಎಂದಳು ಸುಗುಣ, ಅವರ ಹಣೆಗೆ ಪೌಡರ್ ಹಚ್ಚುತ್ತ.

"ಟಿ.ವಿ.ಲಿ ನೋಡಿದ್ಯಾ?" ಅವರು ಹಿಗ್ಗಿದರು. "ಗ್ಲಿಸರಿನ್ ಇದ್ಯೇನಮ್ಮಾ? ಎರಡೆರಡು ಹನಿ ಹಾಕು. ಮಾತಿನ ಮಧ್ಯೆ ಕಣ್ಣು ತುಂಬಿ ಬರ್ಬೇಕು."

ಅವಳ ಕೈ ನಿಂತಿತು. "ಅಳು ಬರಲ್ವಾ ಸಾರ್?"

"ಎಲ್ಲಿಂದ ಬರ್ಬೇಕು? ಆಗ್ಲೂ ಜೇಬಲ್ಲಿ ಬಾಟ್ಲಿ ಇರ್ತಿತ್ತು. ಸಾವಿನ ಮನೆ ಬಾಗಿಲಲ್ಲೇ ಹಾಕ್ಕೊಂಡು ಒಳಗೆ ಹೋಗ್ತಿದ್ದೆ. ಹಾಕು, ಟೈಮಾಯ್ತು."

ಸುಗುಣ ಸೀಸೆಯ ಮುಚ್ಚಳ ತೆಗೆದಳು. ಇನ್ನೊಂದು ಕೈಯಲ್ಲಿ ಅವರ ಗಲ್ಲವನ್ನು ಬಿಗಿಯಾಗಿ ಹಿಡಿದು ಮುಖ ಮೇಲೆತ್ತಿದಳು.

"ನಮ್ಮನೆಗೆ ಬಂದಾಗ, ನನ್ನ ಮಗಳ ಹೆಣದ ಮುಂದೆ, ಎಷ್ಟು ಹನಿ ಹಾಕ್ಕೊಂಡಿದ್ರಿ ಸಾರ್?"